ಕೈ ಮಾತ್ರ ಕಾಣುವ ಹೆಂಗಸು

ಪಕ್ಕದಲ್ಲಿ ಕುಳಿತ ಹುಡುಗಿಯ ಮೊಬೈಲಿನಲ್ಲಿ ಬಂಗುಡೆಯ ಹೊಟ್ಟೆ ಸೀಳುತ್ತಿದ್ದ ಕೈ ತನ್ನದೇ ಎಂದು ಹೊಳೆಯಲು ನಳಿನಾಕ್ಷಿಗೆ ಸ್ವಲ್ಪ ಹೊತ್ತು ಹಿಡಿಯಿತು. ಮುಖವನ್ನು ಕನ್ನಡಿಯಲ್ಲಿ ನೋಡಿಕೊಂಡಷ್ಟು ಕೈಯನ್ನು ಯಾರೂ ನೋಡಿಕೊಳ್ಳುವುದಿಲ್ಲ. ಮೊದಲು ಗುರುತು ಸಿಕ್ಕಿದ್ದು ಸ್ಟೀಲಿನ ತಟ್ಟೆಯದು, ಅಂಚಿನಲ್ಲಿ ನಗ್ಗಿದ್ದು. ಆಮೇಲೆ ಮಣಿಕಟ್ಟಿನ ಹತ್ತಿರ ಅರ್ಧಚಂದ್ರದಂತಹ ಸುಟ್ಟ ಕಲೆ ಕಂಡಿತು. ಗಂಡ ದೇವದಾಸ ಡೊಂಬಿವಲಿ ಎಂಐಡಿಸಿಯ ಫ್ಯಾಕ್ಟರಿಯೊಂದರ ಕ್ಯಾಂಟೀನು ನಡೆಸುತ್ತಿದ್ದಾಗ ದೋಸೆಕಾವಲಿ ಕೊಟ್ಟು ಹೋದ ಕಲೆ ಅದು. ಗಂಡ ಹೋಗಿ ಆರು ವರ್ಷವಾಯಿತು, ಕಲೆ ಇದೆ. ಥಾಣೆಯಲ್ಲಿ ಗಾಡಿ ಬದಲಿಸಿ ತುರ್ಭೆಯ ಮಸಾಲೆ ಮಾರ್ಕೆಟ್ಟಿಗೆ ಬ್ಯಾಡಗಿ ಮೆಣಸು ತರಲು ಹೊರಟವಳು ಅವಳು. ಮಂಗಳವಾರದ ಮಧ್ಯಾಹ್ನ, ಹೆಂಗಸರ ಡಬ್ಬಿ ಅರ್ಧ ಖಾಲಿ, ಕಿಟಕಿಯ ಸರಳುಗಳಿಂದ ಮಳೆಯ ಹನಿ ಒಳಗೆ ಹಾರುತ್ತಿತ್ತು. ಇಂಥ ಕಡೆ ತನ್ನ ಕೈ ತನಗೇ ಎದುರಾಗಬಹುದು ಎಂದು ಅವಳು ಎಣಿಸಿರಲಿಲ್ಲ. ಎದೆಯೊಳಗೆ ಏನೋ ಉಬ್ಬಿತು. ಹುಡುಗಿಯ ಕಡೆ ಸ್ವಲ್ಪ ವಾಲಿದಳು.

ಎರಡು ವರ್ಷದಿಂದ ಹೀಗೆ. ಅಡುಗೆಮನೆಯ ಕಿಟಕಿಯ ಬೆಳಕು ಹನ್ನೊಂದರಿಂದ ಹನ್ನೆರಡೂವರೆಯ ತನಕ ಚೆನ್ನಾಗಿರುತ್ತದೆ ಎಂದು ಕಂಡುಹಿಡಿದವಳು ಸೊಸೆ ನಿಶ್ಮಿತಾ. ಕಟ್ಟೆಯ ಮೇಲೆ ಬಿಳಿ ಬಟ್ಟೆ ಹಾಸಿ, ಮೂರು ಕಾಲಿನ ಸ್ಟ್ಯಾಂಡಿಗೆ ಮೊಬೈಲು ಸಿಕ್ಕಿಸಿ, ಮಾಮಿ, ನೀವು ಮಾಡುವ ಹಾಗೇ ಮಾಡಿ, ನಾನು ಇಲ್ಲಿಲ್ಲ ಅಂದುಕೊಳ್ಳಿ ಎನ್ನುತ್ತಿದ್ದಳು. ಮುಖ ಮಾತ್ರ ಬೇಡ ಎಂದವಳು ನಳಿನಾಕ್ಷಿಯೇ. ಅರವತ್ತರ ಹತ್ತಿರ ಬಂದ ಮುಖ, ಎರಡು ಹಲ್ಲು ಇಲ್ಲ, ಊರವರು ಕಂಡರೆ ನಗಾಡಿಯಾರು. ಮುಖ ಬೇಡ, ಹೆಸರೂ ಬೇಡ, ಯಾರಾದರೂ ಕೇಳಿದರೆ ಏನಾದರೂ ಹೇಳಿಬಿಡು ಮಗಾ ಎಂದಿದ್ದಳು. ಹಾಗೆ ಚಿತ್ರದಲ್ಲಿ ಉಳಿದದ್ದು ಎರಡು ಕೈ. ಮಧ್ಯಾಹ್ನ ನಿಶ್ಮಿತಾ ಕೋಣೆಯ ಬಾಗಿಲು ಹಾಕಿಕೊಂಡು ಅದಕ್ಕೆ ತನ್ನ ದನಿ ಕೂಡಿಸುತ್ತಿದ್ದಳು. ದನಿ ಕೂಡಿಸುವ ಮೊದಲೇ ಅತ್ತೆಗೆ ತೋರಿಸುತ್ತಿದ್ದಳು, ಆಮೇಲೆ ತೋರಿಸುತ್ತಿರಲಿಲ್ಲ. ನನ್ನ ಹಿಂದಿ ನೀವು ಕೇಳಿದರೆ ಶರಮ್ ಆಗ್ತದೆ ಮಾಮಿ ಎಂದು ನಗುತ್ತಿದ್ದಳು. ನಳಿನಾಕ್ಷಿಯದು ಗುಂಡಿಯ ಫೋನು. ತನ್ನ ಕೈ ಮಾತಿಲ್ಲದೆ ಮೀನು ತೊಳೆಯುವುದನ್ನು, ಎಲೆ ಮಡಚುವುದನ್ನು ನೋಡಿ, ಒಳ್ಳೆದಾಯಿತು ಎಂದು ಹೇಳಿ ಪಾತ್ರೆ ತೊಳೆಯಲು ಏಳುತ್ತಿದ್ದಳು. ಎಷ್ಟು ಜನ ನೋಡುತ್ತಾರೆ ಎಂದು ಒಮ್ಮೆ ಕೇಳಿದ್ದಳು. ನಿಶ್ಮಿತಾ ಹೇಳಿದ ಸಂಖ್ಯೆ ಅವಳಿಗೆ ತಲೆಗೆ ಹೋಗಿರಲಿಲ್ಲ. ಈಗ ಆ ಸಂಖ್ಯೆಯಲ್ಲಿ ಒಬ್ಬಳು ತನ್ನ ಮೊಣಕೈ ತಾಗುವಷ್ಟು ಹತ್ತಿರ ಕುಳಿತಿದ್ದಳು, ಅಷ್ಟೇ ಅಲ್ಲ, ಅಳುತ್ತಿದ್ದಳು.

ಅಳು ಎಂದರೆ ಜೋರಾಗಿ ಅಲ್ಲ. ಮೂಗು ಒರೆಸಿಕೊಳ್ಳುವಷ್ಟು. ನಳಿನಾಕ್ಷಿ ವಾಲಿದ್ದನ್ನು ನೋಡಿ ಹುಡುಗಿ ನಾಚಿಕೊಂಡಳು, ಆಮೇಲೆ ನಕ್ಕಳು, ಲೋಕಲ್ ಗಾಡಿಯಲ್ಲಿ ಹೆಂಗಸರು ಕಡಲೆ ಹಂಚಿಕೊಳ್ಳುವ ಹಾಗೆ ಇಯರ್‌ಫೋನಿನ ಒಂದು ತುದಿಯನ್ನು ಕಿವಿಯಿಂದ ತೆಗೆದು ಕೊಟ್ಟಳು.

"ಸುನೋ ಆಂಟೀ. ಬಹುತ್ ಅಚ್ಛಾ ಬೋಲತೀ ಹೈ."

ನಳಿನಾಕ್ಷಿ ಅದನ್ನು ಕಿವಿಗೆ ಸಿಕ್ಕಿಸಿದಳು. ಹುಡುಗಿಯ ಕಿವಿಯ ಬಿಸಿ ಇನ್ನೂ ಅದರಲ್ಲಿತ್ತು. ನಿಶ್ಮಿತಾಳ ದನಿ ತಲೆಯ ಒಳಗೇ ಮಾತಾಡಿದಂತೆ ಕೇಳಿತು, ಮನೆಯಲ್ಲಿ ಮಾತಾಡುವುದಕ್ಕಿಂತ ತಗ್ಗಿದ, ಮೆತ್ತಗಿನ ದನಿ. ಹಿಂದಿಯಲ್ಲಿ ಹೇಳುತ್ತಿತ್ತು: ನನ್ನ ಸಾಸೂ ಮಾ, ನನ್ನ ಅತ್ತೆ, ಹೋಗುವ ಮೊದಲು ನೂರಕ್ಕೂ ಹೆಚ್ಚು ಅಡುಗೆಯ ವೀಡಿಯೋ ತೆಗೆಸಿ ಇಟ್ಟುಹೋದರು. ನಾನು ಒಂದೊಂದಾಗಿ ತೆರೆಯುತ್ತಿದ್ದೇನೆ. ಒಂದು ದಿನ ಇವು ಮುಗಿದುಹೋಗುತ್ತವೆ, ಆಗ ಈ ಕೈಯನ್ನು ನಾವು ಮತ್ತೆ ನೋಡುವುದಿಲ್ಲ. ಕಲೆಯಿದ್ದ ಕೈ ಬೆಳ್ಳುಳ್ಳಿಯನ್ನು ಅಂಗೈಯಿಂದ ಜಜ್ಜಿತು. ದನಿ ಸ್ವಲ್ಪ ನಿಂತು, ಉಸಿರೆಳೆದುಕೊಂಡು, ಮುಂದುವರಿಯಿತು.

ಎಲ್ಲಿಗೆ ಹೋಗುವ ಮೊದಲು ಎಂದು ನಳಿನಾಕ್ಷಿಯ ಮನಸ್ಸು ಕೇಳಿತು. ತುರ್ಭೆಗೆ ಹೋಗುವ ಮೊದಲು ಎಂದು ತಾನೇ ಉತ್ತರ ಕೊಟ್ಟುಕೊಂಡಿತು. ಬೆಳಿಗ್ಗೆ ಹೊರಡುವಾಗ ಕೊಡೆ ತಂದುಕೊಟ್ಟವಳು ನಿಶ್ಮಿತಾ, ಮಾಮಿ, ಮಳೆ ಜೋರಾದರೆ ಸ್ಟೇಷನ್ನಲ್ಲೇ ನಿಲ್ಲಿ ಎಂದವಳು. ಆ ದನಿಯೂ ಈ ದನಿಯೂ ಒಂದೇ ಗಂಟಲಿನವು. ಕಿವಿಯಿಂದ ಕಿತ್ತು ಹಾಕಬೇಕು ಎನಿಸಿತು, ಕೈ ಏಳಲಿಲ್ಲ. ಎದ್ದರೆ ಕಲೆ ಕಾಣುತ್ತದೆ. ಸೆರಗನ್ನು ಎಳೆದು ಎರಡೂ ಕೈಗಳನ್ನು ಅದರೊಳಗೆ ಹುದುಗಿಸಿದಳು, ಕಳ್ಳತನದ ಮಾಲು ಹುದುಗಿಸಿದ ಹಾಗೆ. ಬದುಕಿರುವುದು ತಪ್ಪಾಗಿ ಸಿಕ್ಕಿಬೀಳುವ ಸಂಗತಿ ಎಂಬಂತೆ ಬೆವರು ಬಂತು.

ಚಿತ್ರ ಬದಲಾಯಿತು. ಈಗ ನೆಲದ ಮೇಲೆ ಬಾಳೆಲೆ. ಹದಿನೈದು ದಿನದ ಹಿಂದೆ, ಆಟಿ ತಿಂಗಳ ಅಮಾವಾಸ್ಯೆಗೆ ಸತ್ತವರಿಗೆಂದು ಅವಳು ಬಡಿಸಿದ ಎಲೆ. ಅವರ ಕಡೆ ಅದಕ್ಕೆ ಅಗೆಲು ಎನ್ನುತ್ತಾರೆ. ಸತ್ತವರು ಇಷ್ಟಪಡುತ್ತಿದ್ದದ್ದನ್ನೆಲ್ಲ ಬಡಿಸಿ, ಲೋಟದಲ್ಲಿ ನೀರಿಟ್ಟು, ಮನೆಯವರೆಲ್ಲ ಹೊರಗೆ ಬಂದು ಬಾಗಿಲು ಎಳೆದುಕೊಳ್ಳಬೇಕು. ಬದುಕಿದವರು ಒಳಗಿದ್ದರೆ ಅವರು ಬರುವುದಿಲ್ಲ. ಸ್ವಲ್ಪ ಹೊತ್ತು ಕಳೆದು, ಒಳಗಿನವರು ಬೆಚ್ಚದ ಹಾಗೆ ಬಾಗಿಲು ತಟ್ಟಿಯೇ ಒಳಗೆ ಹೋಗಬೇಕು. ನಳಿನಾಕ್ಷಿ ಪ್ರತಿ ವರ್ಷ ಅದನ್ನು ಬಡಿಸುವುದು ತನ್ನ ಅತ್ತೆ ದೇಯಿಗೆ. ಅಂದು ನಿಶ್ಮಿತಾ ಒಂದೇ ಒಂದು ನಿಮಿಷ ಎಂದು ಒಳಗೆ ಉಳಿದಿದ್ದಳು, ಮೊಬೈಲು ಹಿಡಿದು. ಈಗ ಆ ಒಂದು ನಿಮಿಷ ಎದುರಿಗಿತ್ತು. ಖಾಲಿ ಕೋಣೆ, ಎಲೆ, ಹಬೆ, ಲೋಟ. ದನಿ ಹೇಳಿತು: ಇದು ಸಾಸೂ ಮಾ ಬಡಿಸಿದ ಕೊನೆಯ ಎಲೆ. ಮುಂದಿನ ವರ್ಷ ಎಲೆ ತನಗೇ ಎಂದು ಅವರಿಗೆ ಗೊತ್ತಿರಲಿಲ್ಲ. ಇವತ್ತು ನೀವೂ ನಿಮ್ಮ ಮನೆಯಲ್ಲಿ ಅವರ ಹೆಸರಿನಲ್ಲಿ ಒಂದು ತುತ್ತು ತೆಗೆದಿಡಿ.

ಹುಡುಗಿ ತಾನೂ ಇಟ್ಟೆ ಎಂದಳು. ಘನ್ಸೋಲಿಯ ತನ್ನ ಮನೆಯ ಕಿಟಕಿಯಲ್ಲಿ, ಮೊಸರನ್ನದ ಒಂದು ತುತ್ತು. ತನ್ನ ತಾಯಿ ಸತ್ತಾಗ ತಾನು ಆಸ್ಪತ್ರೆಯಲ್ಲಿ ಬಾಣಂತಿ, ಅವಳಿಗೆ ಏನೂ ಇಡಲಾಗಲಿಲ್ಲ, ಅದಕ್ಕೇ ಈ ಆಂಟಿಗೆ ಇಟ್ಟೆ ಎಂದು ಮರಾಠಿ ಹಿಂದಿ ಬೆರೆಸಿ ಹೇಳಿದಳು.

"ಕಾಗೆ ಮುಟ್ಟಿತಾ?" ನಳಿನಾಕ್ಷಿಯ ಬಾಯಿಂದ ಮರಾಠಿಯಲ್ಲಿ ಬಂತು. ಏಕೆ ಕೇಳಿದೆನೆಂದು ಅವಳಿಗೇ ತಿಳಿಯಲಿಲ್ಲ.

"ಇಡುವುದೇ ತಡ. ತಕ್ಷಣ."

ತಕ್ಷಣ ಮುಟ್ಟಿದರೆ ಸತ್ತವರಿಗೆ ತೃಪ್ತಿಯಾಯಿತೆಂದು ಅರ್ಥ. ತನಗೆ ತೃಪ್ತಿಯಾಗಿದೆ. ಆ ದಿನ ಮಧ್ಯಾಹ್ನ ತಾನು ಏನು ಮಾಡುತ್ತಿದ್ದೆ ಎಂದು ನಳಿನಾಕ್ಷಿ ನೆನಪು ಮಾಡಿಕೊಳ್ಳಲು ನೋಡಿದಳು. ಬಚ್ಚಲಲ್ಲಿ ಕಾಲೊರೆಸುವ ಬಟ್ಟೆ ಹಿಂಡುತ್ತಿದ್ದಳು. ಘನ್ಸೋಲಿಯಲ್ಲಿ ಒಂದು ಕಾಗೆ, ಇನ್ನೆಲ್ಲೆಲ್ಲೋ ಎಷ್ಟೋ ಕಾಗೆಗಳು ಅವಳ ಹೆಸರಿನ ಅನ್ನ ತಿನ್ನುತ್ತಿದ್ದವು. ಹುಡುಗಿ ಮೊಬೈಲು ಚೀಲಕ್ಕೆ ಹಾಕಿ ಏಳುತ್ತ, ನಿಮ್ಮ ಮಾತು ಕೇಳಿದರೆ ಆಂಟಿಯ ಕಡೆಯವರ ಹಾಗೇ ಇದೆ, ಅವರ ಪರಿಚಯ ಇತ್ತಾ ಎಂದು ಕೇಳಿದಳು. ಇಲ್ಲ ಎನ್ನಬಹುದಿತ್ತು. ಅದು ನಾನೇ ಎನ್ನಬಹುದಿತ್ತು. ಆ ಕೆಂಪಾದ ಮೂಗನ್ನು ನೋಡಿದ ನಳಿನಾಕ್ಷಿ, "ಹೌದು ಮಗಾ, ಗೊತ್ತಿತ್ತು. ಒಳ್ಳೆ ಹೆಂಗಸು" ಎಂದಳು. ಹುಡುಗಿ ಅವಳ ಭುಜ ಮುಟ್ಟಿ ಘನ್ಸೋಲಿಯಲ್ಲಿ ಇಳಿದುಹೋದಳು.

ಆ ಮಾತು ಹೇಳಿದ ಗಂಟಲಿನ ಜಾಗ ಅವಳಿಗೆ ಗುರುತು ಸಿಕ್ಕಿತು. ಹಿಂದೊಮ್ಮೆ ತನ್ನ ಬಾಗಿಲ ಎದುರು ನಿಂತು ದೇಯಿ ಮಾತಾಡಿದ್ದೂ ಅಲ್ಲಿಂದಲೇ ಇರಬೇಕು.

ತುರ್ಭೆಯಲ್ಲಿ ಹಮಾಲರು ಬೆನ್ನಿಗೆ ಗೋಣಿ ಹೊತ್ತು, ಬಾಜೂ, ಬಾಜೂ ಎಂದು ಕೂಗುತ್ತ ಓಡುತ್ತಿದ್ದರು. ಅವಳಿಗೆ ಬದಿಗೆ ಸರಿಯಬೇಕೆಂಬುದೂ ತಿಳಿಯದೆ ಒಬ್ಬನ ಗೋಣಿ ಭುಜಕ್ಕೆ ಬಡಿಯಿತು. ದಿಖತಾ ನಹೀ ಕ್ಯಾ ಎಂದು ಅವನು ಬೈದಾಗ ಎಷ್ಟೋ ಹಗುರವಾಯಿತು. ಅವನಿಗಾದರೂ ಕಾಣುತ್ತೇನೆ. ಮೆಣಸಿನ ಘಾಟಿಗೆ ಕೆಮ್ಮುತ್ತ ಅಂಗಡಿಯ ಮುಂದೆ ನಿಂತು, ಒಂದು ಮೆಣಸು ಮುರಿದು, ಬೀಜ ನೋಡಿ, ಮೂಸಿದಳು. ಈ ಮೂಸುವುದನ್ನು ಕಲಿಸಿದವಳೂ ದೇಯಿ. ಮೆಂತೆ ನಾಲ್ಕೇ ಕಾಳು, ಬೆಳ್ಳುಳ್ಳಿ ಅಂಗೈಯಿಂದ ಜಜ್ಜಿದರೆ ಮಾತ್ರ ರಸ ಬಿಡುತ್ತದೆ, ಹುಳಿ ಕೊನೆಗೆ. ಕಲ್ಯಾಣದ ಹೋಟೆಲೊಂದರಲ್ಲಿ ಇಪ್ಪತ್ತು ವರ್ಷ ಪಾತ್ರೆ ತೊಳೆದು ಇಬ್ಬರು ಗಂಡುಮಕ್ಕಳನ್ನು ಬೆಳೆಸಿದವಳು. ಬೆರಳ ಸಂದಿಗಳು ಸದಾ ಬಿಳಿಚಿ ಬಿರಿದಿರುತ್ತಿದ್ದವು. ಕಿರಿಯ ಮಗನ ಜೊತೆ ವಿಠ್ಠಲವಾಡಿಯ ಒಂದು ಕೋಣೆಯಲ್ಲಿದ್ದಳು. ಡೊಂಬಿವಲಿಯಿಂದ ಗಾಡಿ ಹತ್ತಿದರೆ ಸ್ವಲ್ಪ ಹೊತ್ತಿನ ದಾರಿ.

ಎರಡು ಸಾವಿರದ ಮೂರರಲ್ಲಿ ನಳಿನಾಕ್ಷಿಯವರು ಚಾಳು ಬಿಟ್ಟು ಸ್ವಂತ ಫ್ಲ್ಯಾಟಿಗೆ ಬಂದರು. ಮೂರನೆಯ ಮಾಳಿಗೆ. ಕಟ್ಟಡದಲ್ಲಿ ಬ್ಯಾಂಕಿನವರು, ಶಾಲೆಯವರು. ಎದುರುಮನೆಯ ವನಮಾಲಾಬಾಯಿ ಶಾಲೆಯ ಮುಖ್ಯ ಶಿಕ್ಷಕಿ, ಇಸ್ತ್ರಿ ಮಾಡಿದ ಸೀರೆ, ಇಸ್ತ್ರಿ ಮಾಡಿದ ಮಾತು. ಸಂಕ್ರಾಂತಿಯ ಹಳದಿ ಕುಂಕುಮಕ್ಕೆ ಕರೆದು, ಹತ್ತು ಹೆಂಗಸರ ಎದುರು, ಸಾಸೂಬಾಯಿ ಎಲ್ಲಿರುತ್ತಾರೆ ಎಂದು ಕೇಳಿದರು. ಎಲ್ಲರ ಕೈಯಲ್ಲೂ ಎಳ್ಳಿನ ಲಾಡು, ಎಲ್ಲರ ಕಣ್ಣೂ ಅವಳ ಮೇಲೆ. ನಳಿನಾಕ್ಷಿಗೆ ಆ ಬಿರಿದ ಬೆರಳ ಸಂದಿಗಳು ಕಂಡವು. ತೀರಿಕೊಂಡರು ಎಂದಳು. ಅಯ್ಯೋ ಎಂದರು ಎಲ್ಲರೂ. ಒಬ್ಬರು ಇನ್ನೊಂದು ಲಾಡು ಕೊಟ್ಟರು. ಅದನ್ನು ತಿಂದಳು.

ಎರಡು ತಿಂಗಳ ಮೇಲೆ, ಕಿರಾಣಿ ಚೀಲ ಹಿಡಿದು ಮೆಟ್ಟಿಲು ಹತ್ತಿ ಬಂದಾಗ ಬೀಗ ಹಾಕಿದ ಬಾಗಿಲ ಎದುರು ದೇಯಿ ನಿಂತಿದ್ದಳು. ಟವೆಲಿನಲ್ಲಿ ಸುತ್ತಿದ ಸ್ಟೀಲಿನ ಡಬ್ಬ, ಅದರಿಂದ ಬಂಗುಡೆಯ ಹುಳಿಖಾರದ ಸಾರು ಪುಳಿಮುಂಚಿಯ ವಾಸನೆ. ವನಮಾಲಾಬಾಯಿ ತಮ್ಮ ಬಾಗಿಲಲ್ಲಿದ್ದರು. ನಳಿನಾಕ್ಷಿ ಬಾಯಿ ತೆರೆಯುವ ಮೊದಲೇ ದೇಯಿ, ಹೋಟೆಲಿನ ಹಿಂಬದಿಯಲ್ಲಿ ಕಲಿತ ಮರಾಠಿಯಲ್ಲಿ ಹೇಳಿದಳು.

"ಬಾಯೀ, ನಾನು ಊರ ಕಡೆಯವಳು. ಕೆಲಸ ಏನಾದರೂ ಇದೆಯಾ ಎಂದು ಕೇಳಲಿಕ್ಕೆ ಬಂದೆ."

ಸೊಸೆಯನ್ನು ಬಾಯೀ ಎಂದಳು. ನಳಿನಾಕ್ಷಿ ಸದ್ಯಕ್ಕೆ ಇಲ್ಲ ಎಂದಳು. ಅದನ್ನೂ ಅಂದಳು. ಡಬ್ಬವನ್ನು ಹೊಸ್ತಿಲ ಮೇಲಿಟ್ಟು ಹಿಡಿಗಂಬಿ ಹಿಡಿದು ಒಂದೊಂದೇ ಮೆಟ್ಟಿಲಿಳಿದು ಹೋದಳು ದೇಯಿ. ಸಂಜೆ ದೇವದಾಸ ಸಾರು ನೆಕ್ಕುತ್ತ, ಅಮ್ಮ ಬಂದಿದ್ದಳಾ, ಕೂರಲಿಲ್ಲವಾ ಎಂದು ಕೇಳಿದಾಗ, ಅವಸರವಿತ್ತಂತೆ ಎಂದುಬಿಟ್ಟಳು. ಆಮೇಲೆ ಮೂರು ವರ್ಷ ದೇಯಿ ಬದುಕಿದ್ದಳು. ಆ ಕಟ್ಟಡಕ್ಕೆ ಮತ್ತೆ ಬರಲಿಲ್ಲ. ವಿಠ್ಠಲವಾಡಿಗೆ ಹೋದಾಗಲೆಲ್ಲ ನಳಿನಾಕ್ಷಿಯ ತಟ್ಟೆಗೆ ಮೀನಿನ ನಡುತುಂಡು ಹಾಕುತ್ತಿದ್ದಳು. ಆ ಕಟ್ಟಡದಲ್ಲಿ ತಾನು ಸತ್ತವಳೆಂದು ಆವತ್ತು ದೇಯಿಗೆ ಹೇಗೆ ಗೊತ್ತಾಯಿತು ಎಂದು ನಳಿನಾಕ್ಷಿ ಕೇಳಲಿಲ್ಲ. ಕೇಳಬೇಕಾದರೆ ತಾನಾಡಿದ ಸುಳ್ಳನ್ನು ಹೇಳಬೇಕಿತ್ತು.

ಹಿಂದಿರುಗುವ ಗಾಡಿಯಲ್ಲಿ ಕೂರಲು ಜಾಗ ಸಿಕ್ಕಿದರೂ ನಿಂತೇ ಬಂದಳು. ಕಲೆಯಿದ್ದ ಕೈಯನ್ನು ಮೇಲೆತ್ತಿ ಹಿಡಿಕೆ ಹಿಡಿದುಕೊಂಡಿದ್ದಳು. ಯಾರಾದರೂ ನೋಡಿ ಕಿರುಚಲಿ ಎಂಬಂತೆ. ಯಾರೂ ನೋಡಲಿಲ್ಲ. ಸಿಟ್ಟು ಬರಬೇಕಿತ್ತು, ಅದು ಬರುವ ದಾರಿಯಲ್ಲೆಲ್ಲ ದೇಯಿ ಡಬ್ಬ ಹಿಡಿದು ನಿಂತಿದ್ದಳು. ನಿಶ್ಮಿತಾಳನ್ನು ಏನೆಂದು ಬೈಯುವುದು? ಕೈಬೆರಳು ಮಡಚುತ್ತ ಯೋಚಿಸಿದಾಗ ಇನ್ನೊಂದು ಹೊಳೆಯಿತು. ಆ ಎಲೆ ದೇಯಿಯದು. ತಾನು ಬಡಿಸಿದ್ದು ದೇಯಿಗೆ. ಅಷ್ಟು ಸಾವಿರ ಜನ ಅದನ್ನು ನಳಿನಾಕ್ಷಿಯ ಹೆಸರಿಗೆ ಮಾಡಿ ಕೂಗಿದರೆ, ಬಾಗಿಲ ತನಕ ಬಂದ ದೇಯಿ ಏನು ಮಾಡಿಯಾಳು? ಒಳಗೆ ಮೊಬೈಲು ಹಿಡಿದು ಒಬ್ಬಳು ನಿಂತಿದ್ದಾಳೆ, ಎಲೆಯ ಮೇಲೆ ಬೇರೆಯವಳ ಹೆಸರು. ಕೆಲಸ ಕೇಳಲಿಕ್ಕೆ ಬಂದೆ ಎಂದು ಹೇಳಿ ಮತ್ತೆ ಮೆಟ್ಟಿಲಿಳಿದಿರುತ್ತಾಳೆ.

ಡೊಂಬಿವಲಿ ಸ್ಟೇಷನ್ನಿನ ಹೊರಗೆ ಮೀನಿನವಳ ಬುಟ್ಟಿಯಿಂದ ಕಿವಿರು ಎತ್ತಿ ನೋಡಿ ಆರು ಬಂಗುಡೆ ಆರಿಸಿದಳು. ಒಂದು ಬಾಳೆಲೆ ತೆಗೆದುಕೊಂಡಳು. ಆಟಿ ಮುಗಿಯಲು ಇನ್ನೂ ಮೂರು ದಿನವಿತ್ತು, ಅಗೆಲು ಬಡಿಸಬಹುದಿತ್ತು.

ನಿಶ್ಮಿತಾ ಬಾಗಿಲು ತೆರೆದಳು. ಕೊಡೆ ಬಿಡಿಸಲೇ ಇಲ್ಲವಾ ಮಾಮಿ ಎನ್ನುತ್ತ ಟವೆಲು ತಂದಳು. ನಳಿನಾಕ್ಷಿ ಮೀನನ್ನು ಸಿಂಕಿನಲ್ಲಿ ಹಾಕಿ, ಬೆನ್ನು ತಿರುಗಿಸಿಯೇ ಹೇಳಿದಳು.

"ಗಾಡಿಯಲ್ಲಿ ಒಬ್ಬಳು ನನಗೆ ಕೇಳಿಸಿದಳು ಮಗಾ. ಕಾಗೆಗೆ ಅನ್ನ ಇಟ್ಟಳಂತೆ."

ತಿರುಗಿದಾಗ ನಿಶ್ಮಿತಾ ಟವೆಲನ್ನು ಎದೆಗೆ ಒತ್ತಿ ಹಿಡಿದು ನೆಲದ ಮೇಲೆ ಕುಳಿತುಬಿಟ್ಟಿದ್ದಳು.

"ಮಾಮಿ, ಆಪ್‌ನೇ ಹೀ ಬೋಲಾ ಥಾ ನಾ. ಮುಖ ಬೇಡ, ಹೆಸರು ಬೇಡ, ಕೇಳಿದ್ರೆ ಏನಾದ್ರೂ ಹೇಳು ಅಂತ." ಅವಳ ಕನ್ನಡ ಅಲ್ಲಲ್ಲಿ ಕಿತ್ತುಹೋಗುತ್ತಿತ್ತು. "ಮೊದಲ ವೀಡಿಯೋ ಹತ್ತು ಜನ ನೋಡಿದ್ರು. ಒಬ್ಬರು ಮುಖ ಯಾಕೆ ತೋರಿಸಲ್ಲ ಅಂತ ಕೇಳಿದ್ರು. ಅವರು ಇಲ್ಲ ಅಂತ ಬರೆದೆ. ಬಸ್, ಅಷ್ಟೇ ಬರೆದದ್ದು. ಬೆಳಿಗ್ಗೆ ನೋಡಿದ್ರೆ ಎಲ್ಲರೂ ಅಳ್ತಿದ್ರು. ಅಮ್ಮ ಸತ್ತವರು, ಅತ್ತೆ ಸತ್ತವರು, ದೊಡ್ಡ ದೊಡ್ಡ ಪತ್ರ ಬರೆದ್ರು. ನಿಮ್ಮನ್ನು ವಾಪಸ್ ಹೇಗೆ ತರೋದು ಮಾಮಿ?"

ಮಗ ವಿಕಾಸನಿಗೆ ಗೊತ್ತಾ ಎಂದು ನಳಿನಾಕ್ಷಿ ಕೇಳಿದಳು. ನಿಶ್ಮಿತಾ ಹೌದೆಂದು ತಲೆಯಾಡಿಸಿದಳು. ಮಗ ಮೊದಲು ನಕ್ಕನಂತೆ, ಆಮೇಲೆ ಅಮ್ಮನಿಗೆ ಹೇಳಬೇಡ ಎಂದನಂತೆ. ಆ ನಗುವನ್ನು ನಳಿನಾಕ್ಷಿ ಒಳಗೆಲ್ಲೋ ಮಡಚಿ ಇಟ್ಟಳು, ಬೇರೆ ದಿನಕ್ಕೆ. ಸೊಸೆಯ ಎದುರು ನೆಲದ ಮೇಲೆ ಕುಳಿತು ಮೀನು ಹೆಚ್ಚತೊಡಗಿದಳು. ಹೆಚ್ಚುತ್ತ ಹಳದಿ ಕುಂಕುಮದ ಲಾಡಿನಿಂದ ಮೆಟ್ಟಿಲಿನ ತನಕ ಎಲ್ಲವನ್ನೂ ಹೇಳಿದಳು. ಗಂಡನಿಗೂ ಹೇಳದೆ ಇದ್ದದ್ದು. ಹೇಳುವಾಗ ಕತ್ತಿ ಎರಡು ಸಲ ಜಾರಿತು.

"ನೀನು ಹೇಳಿದ್ದು ಪೂರಾ ಸುಳ್ಳಲ್ಲ ಮಗಾ. ಸತ್ತ ಅತ್ತೆಯ ಅಡುಗೆಯೇ ಅದು. ಅತ್ತೆ ನಿನ್ನವಳಲ್ಲ, ನನ್ನವಳು. ಅವಳ ಎಲೆಯಲ್ಲಿ ನನ್ನನ್ನು ಕೂರಿಸಿದೆ. ಅದೊಂದು ಸರಿ ಮಾಡುವ, ಏಳು."

ನಿಶ್ಮಿತಾ ಎದ್ದು ಬೆಳ್ಳುಳ್ಳಿ ಸುಲಿಯತೊಡಗಿದಳು. ಸುಲಿಯಬೇಡ, ಜಜ್ಜು ಎಂದಳು ನಳಿನಾಕ್ಷಿ. ಸೊಸೆಯ ಎಳೆಯ ಅಂಗೈ ಮೊದಲ ಸಲ ಬೆಳ್ಳುಳ್ಳಿಯ ಮೇಲೆ ಬಿತ್ತು. ಸಂಜೆಯ ಬೆಳಕು ಕಿಟಕಿಯಲ್ಲಿ ಹಳದಿಯಾಗುವಾಗ ಹಾಲಿನ ನೆಲದ ಮೇಲೆ ಎಲೆ ಹಾಸಿ ಬಡಿಸಿದರು. ಕುಚ್ಚಿಲಕ್ಕಿ ಅನ್ನ, ಪುಳಿಮುಂಚಿ, ಎಲೆಯಡಿಕೆಯ ಜೊತೆ ದೇಯಿ ಬಾಯಿಗೆ ಹಾಕಿಕೊಳ್ಳುತ್ತಿದ್ದ ಹೊಗೆಸೊಪ್ಪಿನ ಚೂರು. ನಳಿನಾಕ್ಷಿ ನೀರಿಟ್ಟು, ಅತ್ತೆಯ ಹೆಸರನ್ನು ಗಟ್ಟಿಯಾಗಿ ಹೇಳಿದಳು. ದೇಯಿ. ಆ ಮನೆಯಲ್ಲಿ ಇಪ್ಪತ್ತು ವರ್ಷದಲ್ಲಿ ಅದನ್ನು ಹಾಗೆ ಯಾರೂ ಹೇಳಿರಲಿಲ್ಲ. ನಿಶ್ಮಿತಾಳ ಕೈ ಅಭ್ಯಾಸಬಲದಿಂದ ಮೊಬೈಲಿನ ಕಡೆ ಹೋಯಿತು, ನಡುವೆ ನಿಂತಿತು.

"ಒಳಗೆ ತೆಗೆಯಬೇಡ," ಎಂದಳು ನಳಿನಾಕ್ಷಿ. "ಊಟ ಮಾಡುವವರನ್ನು ತೆಗೆಯಬಾರದು. ಹೊರಗೆ ಬಾ. ಹೊರಗೆ ನಿಂತವಳನ್ನು ತೆಗಿ. ಮುಖ ಬರಲಿ."

ಇಬ್ಬರೂ ಹೊರಗೆ ಬಂದು ಬಾಗಿಲು ಎಳೆದುಕೊಂಡರು. ಮೆಟ್ಟಿಲಿನ ಕಿಟಕಿಯಿಂದ ಬೆಳಕು ಬರುತ್ತಿತ್ತು. ನಿಶ್ಮಿತಾ ಗೋಡೆಗೆ ಒರಗಿ ಮೊಬೈಲು ಎತ್ತಿದಳು. ಕೈಯನ್ನು ಮಾತ್ರ ತೋರಿಸಿ ಅಭ್ಯಾಸವಾದವಳಿಗೆ ಮುಖವನ್ನು ಎಲ್ಲಿಡಬೇಕೆಂದು ತಿಳಿಯದೆ ನಳಿನಾಕ್ಷಿ ತನ್ನ ಮುಚ್ಚಿದ ಬಾಗಿಲನ್ನೇ ನೋಡುತ್ತ ನಿಂತಳು. ಆಗ ಎದುರಿನ ಬಾಗಿಲು ತೆರೆಯಿತು. ವನಮಾಲಾಬಾಯಿಗೆ ಈಗ ಎಂಬತ್ತರ ಹತ್ತಿರ. ವಾಕರ್ ಹಿಡಿದು ಹೊಸ್ತಿಲ ತನಕ ಬಂದರು. ಸೀರೆಗೆ ಇಸ್ತ್ರಿ ಇರಲಿಲ್ಲ.

"ಏನಾಯಿತು ನಳಿನೀ," ಎಂದು ಮರಾಠಿಯಲ್ಲಿ ಕೇಳಿದರು. "ಚಾವಿ ಒಳಗೇ ಉಳಿಯಿತಾ?"

ಹೌದು ಎಂದರೆ ಮುಗಿಯುತ್ತಿತ್ತು. ಹಳದಿ ಕುಂಕುಮದ ದಿನವೂ ಹಾಗೇ ಒಂದು ಮಾತಿನಲ್ಲಿ ಮುಗಿದಿತ್ತು.

"ಇಲ್ಲ ಬಾಯೀ. ಒಳಗೆ ನನ್ನ ಅತ್ತೆ ಇದ್ದಾರೆ. ಊಟ ಮಾಡುತ್ತಿದ್ದಾರೆ."

ಮುದುಕಿ ಬೆಚ್ಚಲಿಲ್ಲ. ಸತ್ತವರು ಹೇಗೆ ಉಣ್ಣುತ್ತಾರೆಂದು ಕೇಳಲಿಲ್ಲ. ನಳಿನಾಕ್ಷಿಯ ಮುಖವನ್ನು ಒಮ್ಮೆ, ಬಾಗಿಲನ್ನು ಒಮ್ಮೆ ನೋಡಿ, ಬಹಳ ದಿನದಿಂದ ಇಟ್ಟುಕೊಂಡ ಯಾರದೋ ಪಾತ್ರೆ ಹಿಂತಿರುಗಿಸುವವರ ಹಾಗೆ ನಿಧಾನವಾಗಿ ಹೇಳಿದರು.

"ಮಾಡಲಿ. ಆವತ್ತು ನೀನು ಬರುವ ತನಕ ನಮ್ಮಲ್ಲೇ ಕೂತಿದ್ದರು. ಮುಖ ನೋಡಿದರೇ ನಿನ್ನ ಗಂಡನ ತಾಯಿ ಎಂದು ತಿಳಿಯುತ್ತಿತ್ತು. ನಾನೇ ಬಾಯಿ ತಪ್ಪಿ, ಅತ್ತೆ ತೀರಿಕೊಂಡರೆಂದು ನಳಿನಿ ಹೇಳಿದ್ದಳಲ್ಲ ಎಂದುಬಿಟ್ಟೆ. ಸುಮ್ಮನೆ ಚಹಾ ಕುಡಿದರು. ಎರಡು ಚಪಾತಿ ತಿನ್ನಿ ಎಂದೆ. ಬೇಡ, ಸೊಸೆ ಬರುತ್ತಾಳೆ, ಅವಳ ಜೊತೆ ಉಣ್ಣಬೇಕೆಂದು ಮೀನು ತಂದಿದ್ದೇನೆ ಎಂದರು."

ನಿಶ್ಮಿತಾ ಮೊಬೈಲು ಕೆಳಗಿಳಿಸಿದಳೋ ಇಲ್ಲವೋ ನಳಿನಾಕ್ಷಿ ನೋಡಲಿಲ್ಲ. ಬಾಗಿಲು ತಟ್ಟುವ ಹೊತ್ತಾಗಿತ್ತು. ಕೈ ಎತ್ತಿದಳು. ಒಳಗಿನವಳು ತನಗಾಗಿ ಕಾಯುತ್ತ ಇನ್ನೂ ತುತ್ತು ಮುಟ್ಟದೆ ಕುಳಿತಿರಬಹುದು ಎನಿಸಿತು, ಎತ್ತಿದ ಕೈ ಬಾಗಿಲಿಗೆ ಒಂದು ಗೇಣು ದೂರದಲ್ಲಿ ಹಾಗೇ ನಿಂತಿತು.